ಎರಡು ಊರಿಗೆ ಒಂದೇ ಹಡಗು

ಟಾಕೀಸಿನಲ್ಲಿ ಪ್ರೊಜೆಕ್ಟರ್ ಓಡಿಸುವವನಿಗೆ ಇಂಥವು ನಡೆಯುತ್ತಲೇ ಇರುತ್ತವೆ. ಪರದೆಗಿಂತ ಬೆಂಚುಗಳ ಮೇಲೇ ಹೆಚ್ಚು ಸಿನಿಮಾ. ತೊಂಬತ್ತರ ದಶಕದಲ್ಲಿ ನಾನು ಭದ್ರಾವತಿಯಲ್ಲಿ ಆಪರೇಟರ್. ಒಮ್ಮೆ ನೌಕಾಪಡೆಯ ಯುದ್ಧದ ಚಿತ್ರವೊಂದು ಬಂತು. ಶಿವಮೊಗ್ಗಕ್ಕೂ ನಮಗೂ ಸೇರಿ ಒಂದೇ ಪ್ರಿಂಟ್. ಅಲ್ಲಿ ಓಡಿ ಮುಗಿದ ರೀಲುಗಳನ್ನು ಬೈಕಿನವನು ಒಂದೊಂದಾಗಿ ನಮಗೆ ತಂದು ಕೊಡಬೇಕು. ಹಿಂದಿನ ವಾರ ಎರಡು ಷೋ ಅರ್ಧಕ್ಕೇ ನಿಂತು ಗಲಾಟೆಯಾಗಿತ್ತು. ಓನರ್ ಹೇಳಿಬಿಟ್ಟಿದ್ದರು: "ಇನ್ನೊಂದು ಷೋ ನಿಂತ್ರೆ ನೀನು ಮನೆಗೆ." ನಾನೂ ಹಠ ಹಿಡಿದೆ. ಹಡಗು ಮುಳುಗಿದರೂ ಸರಿ, ಷೋ ನಿಲ್ಲಬಾರದು.

೧. ವಾಲ್ವು

ಎಂಜಿನ್ ರೂಮಿಗೆ ನೀರು ನುಗ್ಗುತ್ತಿದೆ, ನಾವಿಕನೊಬ್ಬ ವಾಲ್ವು ತಿರುಗಿಸಲು ಒದ್ದಾಡುತ್ತಿದ್ದಾನೆ. ಕಾರ್ಖಾನೆಯ ಬಾಯ್ಲರ್ ಕೆಲಸದವರೊಬ್ಬರು ಬೆಂಚಿನಿಂದ ಎದ್ದು ಕೂಗಿದರು: "ಆ ಕಡೆ ಅಲ್ಲ ಮಾರಾಯ, ಈ ಕಡೆ ತಿರುಗ್ಸು!"

ಮರುದಿನವೂ ಟಿಕೆಟ್ ಕೊಂಡು ಬಂದರು. "ನಿನ್ನೆ ನೋಡಿದ್ರಲ್ಲ ಸಾರ್?" ಎಂದೆ.

"ನೋಡ್ದೆ. ಇವತ್ತಾದ್ರೂ ಸರಿಯಾಗಿ ತಿರುಗಿಸ್ತಾನಾ ನೋಡೋಣ ಅಂತ ಬಂದೆ."

೨. ಟಾರ್ಪಿಡೊ

ಶತ್ರುಗಳು ಟಾರ್ಪಿಡೊ ಬಿಟ್ಟರು. ಅದು ನೀರೊಳಗೆ ನಮ್ಮ ಹಡಗಿನತ್ತ ನುಗ್ಗಿತು. ಅಷ್ಟಕ್ಕೆ ರೀಲು ಮುಗಿಯಿತು. ಮುಂದಿನ ರೀಲು ಹೊತ್ತ ಬೈಕು ರೈಲ್ವೆ ಗೇಟಿನಲ್ಲಿ ಸಿಕ್ಕಿಕೊಂಡಿತ್ತು. ಬೆವರುತ್ತಲೇ 'ದಯವಿಟ್ಟು ಕಾಯಿರಿ' ಸ್ಲೈಡ್ ಹಾಕಿದೆ, ಆಮೇಲೆ ಸೋಪಿನ ಜಾಹೀರಾತು, ಜವಳಿ ಅಂಗಡಿಯ ಜಾಹೀರಾತು. ಇಪ್ಪತ್ತು ನಿಮಿಷವಾಯಿತು. ಜನ ಕುರ್ಚಿ ಬಡಿಯತೊಡಗಿದಾಗ ಹಿಂದಿನಿಂದ ಒಬ್ಬ ಕೂಗಿದ: "ಸುಮ್ನೆ ಕೂತ್ಕೊಳ್ರೋ! ಟಾರ್ಪಿಡೊ ಶಿವಮೊಗ್ಗ ಬಸ್ಸಲ್ಲಿ ಬರ್ತಾ ಇದೆ, ಎಲ್ಲಾ ಸ್ಟಾಪಲ್ಲೂ ನಿಲ್ಲುತ್ತೆ!"

೩. ಕೊನೆಯ ರೀಲು

ಭಾನುವಾರದ ಮ್ಯಾಟಿನಿ, ಹೌಸ್‌ಫುಲ್. ಹಡಗು ಹೊತ್ತಿ ಉರಿಯುತ್ತಿದೆ, ಕೊನೆಯ ರೀಲು ಮಾತ್ರ ಬಾಕಿ. ಬೈಕಿನವನು ದಾರಿಯ ಬೂತಿನಿಂದ ಫೋನ್ ಮಾಡಿದ: "ಅಣ್ಣಾ, ಚೈನ್ ತುಂಡಾಯ್ತು. ಈ ಷೋಗೆ ಆಗಲ್ಲ." ಕೆಲಸ ಹೋಯಿತು ಎಂದೇ ಅನಿಸಿತು.

ನಿಲ್ಲಿಸಬಾರದು ಎಂದರೆ ನಿಲ್ಲಿಸಬಾರದು. ಮೊದಲ ರೀಲನ್ನೇ ಎತ್ತಿಕೊಂಡು, ಹೆಸರುಗಳು ಬರುವ ಭಾಗ ಬಿಟ್ಟು ಓಡಿಸಿದೆ. ಅದು ಹಡಗು ಯುದ್ಧಕ್ಕೆ ಹೊರಡುವ ದಿನ: ಬಂದರಿನಲ್ಲಿ ಬ್ಯಾಂಡು, ಹಾರ, ನಾವಿಕ ಮಕ್ಕಳನ್ನು ತಬ್ಬಿ ಅಳುವ ತಾಯಂದಿರು, ನಗುವ ಕ್ಯಾಪ್ಟನ್. ಟಾಕೀಸು ಶಿಳ್ಳೆಯಿಂದ ಅದುರಿತು. ಶುರುವಿನಲ್ಲಿ ಇದನ್ನೇ ನೋಡಿದ್ದವರೂ ಕಣ್ಣೊರೆಸಿಕೊಂಡರು. ಹಡಗು ಹೊರಡುವ ಮೊದಲೇ 'ಶುಭಂ' ಸ್ಲೈಡ್ ಹಾಕಿದೆ.

ಮರುದಿನ ನಿಜವಾದ ಕೊನೆಯ ರೀಲು ಬಂತು. ಹಡಗಿನ ಜೊತೆ ಕ್ಯಾಪ್ಟನ್ನೂ ಹುಡುಗರೂ ಮುಳುಗಿದರು. ನಿನ್ನೆ ನೋಡಿ ಮೆಚ್ಚಿ ಇವತ್ತು ನೆಂಟರನ್ನೂ ಕರೆತಂದಿದ್ದ ಹೆಂಗಸರು ಓನರ್ ರೂಮಿಗೇ ನುಗ್ಗಿದರು: "ನಿನ್ನೆ ಎಲ್ರೂ ಚೆನ್ನಾಗಿ ಮನೆಗೆ ಬಂದಿದ್ರು. ಇವತ್ತು ಯಾಕ್ರೀ ಸಾಯಿಸಿದ್ರಿ?"

ಓನರ್ ನನ್ನನ್ನು ಕರೆಸಿದರು. ನಡೆದದ್ದನ್ನೆಲ್ಲ ಒಪ್ಪಿಕೊಂಡು, ಪ್ರೊಜೆಕ್ಟರ್ ರೂಮಿನ ಬೀಗದ ಕೈಯನ್ನು ಮೇಜಿನ ಮೇಲಿಟ್ಟೆ. ಅವರು ಅದನ್ನು ನನ್ನತ್ತಲೇ ತಳ್ಳಿದರು.

"ನಾಳೆಯಿಂದ ಕೊನೇ ರೀಲು ಶಿವಮೊಗ್ಗದಲ್ಲೇ ಇರ್ಲಿ ಮಾರಾಯ. ಸಾಯೋರು ಅಲ್ಲೇ ಸಾಯ್ಲಿ."