ಅರ್ಧ ಪುಟದ ಮಾತು

ಅಂದಿನ ಅನಾಹುತಕ್ಕೆಲ್ಲ ಮೂಲ, ಕೆಳಗಿನ ಅಂಗಡಿಯ ಕ್ಷೌರಿಕನ ಪ್ರೀತಿ.

“ಗಡ್ಡದ ತುದಿ ಏರುಪೇರಾಗಿದೆ ಸಾರ್. ಕ್ಯಾಮೆರಾ ಮುಂದೆ ಹೀಗೇ ಹೋಗ್ತೀರಾ? ಬನ್ನಿ, ಎರಡೇ ನಿಮಿಷ!” ಎಂದು ಬೆಳಿಗ್ಗೆ ಚಿತ್ರೀಕರಣಕ್ಕೆ ಹೊರಟ ನಟನನ್ನು ಮೆಟ್ಟಿಲ ಬಳಿಯೇ ಅಡ್ಡಗಟ್ಟಿದ. ನಟನಿಗೋ, ಯಾರಿಗೂ ಇಲ್ಲವೆಂದು ಹೇಳಿ ಅಭ್ಯಾಸವಿರಲಿಲ್ಲ. ಮಾತು ಬಾಯಿಪಾಠ ಮಾಡುತ್ತ ನಿದ್ದೆಗೆಟ್ಟಿದ್ದವನು, ತಲೆಗೆ ಬೆರಳು ತಾಕಿದ್ದೇ ತಡ, ಗೊರಕೆ ಹೊಡೆದ.

ಎಚ್ಚರವಾದಾಗ ಕನ್ನಡಿಯಲ್ಲಿ ಅವನ ಅಣ್ಣ ಕುಳಿತಿದ್ದ!

ಗಡ್ಡ ಮಾಯ. ನುಣ್ಣನೆಯ ಗಲ್ಲ, ಚೂಪು ಮೀಸೆ.

“ನಿಮ್ಮಣ್ಣನ ಹೊಸ ಪಿಕ್ಚರ್ ಮೀಸೆ ಸಾರ್! ದುಡ್ಡು ಬೇಡ, ನೀವು ಮನೆಯವರ ಹಾಗೆ,” ಎಂದು ಕ್ಷೌರಿಕ ಹಿಗ್ಗಿದ.

ಅಣ್ಣ ಜಗತ್ತಿಗೆಲ್ಲ ಗೊತ್ತಿದ್ದ ನಾಯಕನಟ. ತಮ್ಮನಿಗೆ ಸಿಕ್ಕಿದ್ದು ಟಪಾಲಿನವನು, ಕಾವಲುಗಾರ, ಗುಂಪಿನಲ್ಲಿ ಮೂರನೆಯವನು. ಒಮ್ಮೆ ಹೆಣವಾಗಿಯೂ ಮಲಗಿದ್ದ. ಅದನ್ನು ನೋಡಿ ಅಮ್ಮ ಅಳುತ್ತ ಚಿತ್ರಮಂದಿರದಿಂದ ಎದ್ದು ಹೋದದ್ದೇ ಅವನಿಗೆ ಬಂದ ಬಹುಮಾನ. ಈಗ ಮೊದಲ ಸಲ ಅರ್ಧ ಪುಟದ ಮಾತು ಸಿಕ್ಕಿತ್ತು. ಮಗನಿಗಾಗಿ ಬಸ್ ನಿಲ್ದಾಣದಲ್ಲಿ ಕಾಯುವ ಮುದುಕ, ಬೆಂಚಿನ ಮೇಲಿನ ಅಪರಿಚಿತನೊಡನೆ ಮನಸ್ಸು ಬಿಚ್ಚಿಕೊಳ್ಳುತ್ತಾನೆ. ಆ ಮುದುಕ ಗಡ್ಡದೊಡನೆ ನಿಲ್ದಾಣಕ್ಕೆ ಬರುವುದನ್ನು ನಿನ್ನೆಯೇ ಚಿತ್ರೀಕರಿಸಿಯಾಗಿತ್ತು.

“ಕಾಡಿಗೆ ಬಳ್ಕೊಳ್ಳಪ್ಪ, ದೂರದಿಂದ ಗೊತ್ತಾಗಲ್ಲ,” ಎಂದರು ಪಕ್ಕದ ಮನೆಯ ಮಾಜಿ ಹೆಡ್‌ಮೇಷ್ಟ್ರು.

“ಶಾಲು ಸುತ್ಕೊಂಡು ಹಲ್ಲುನೋವು ಅನ್ನಿ,” ಎಂದಳು ಹೆಂಡತಿ.

ಎರಡನ್ನೂ ಮಾಡಿಕೊಂಡು ಹೋದ. ನಿರ್ದೇಶಕ ಶಾಲು ಎಳೆದ. ಬೆವರಿಗೆ ಕರಗಿದ ಕಾಡಿಗೆಯಲ್ಲಿ ಗಲ್ಲ ಸುಟ್ಟ ಬದನೆಕಾಯಿಯಂತೆ ಹೊಳೆಯುತ್ತಿತ್ತು.

“ಏನ್ರೀ ಇದು? ಗಡ್ಡ ಬಿಟ್ಕೊಂಡು ನಿಲ್ದಾಣಕ್ಕೆ ಬಂದ ಮುದುಕ, ಬೆಂಚ್ ಮೇಲೆ ಕೂರೋವಷ್ಟರಲ್ಲಿ ಶೇವ್ ಮಾಡ್ಕೊಂಡ್ನಾ? ಮಧ್ಯಾಹ್ನದೊಳಗೆ ಗಡ್ಡ ಬರ್ಬೇಕು. ಇಲ್ಲಾಂದ್ರೆ ಬೇರೆ ಮುದುಕನ್ನ ಹಾಕಿ ಎಲ್ಲಾ ಮತ್ತೆ ತೆಗೀತೀನಿ!”

ಮಧ್ಯಾಹ್ನದೊಳಗೆ ಗಡ್ಡ ಬೆಳೆಯುವುದಿಲ್ಲವೆಂದು ಹೇಳುವ ಧೈರ್ಯ ಅಲ್ಲಿ ಯಾರಿಗೂ ಇರಲಿಲ್ಲ. ಮೇಕಪ್ಪಿನವನ ಪೆಟ್ಟಿಗೆಯಲ್ಲಿ ಬರೀ ಮೀಸೆಗಳಿದ್ದವು. ಕೊನೆಗೆ ನಟ ತನ್ನ ಅಣ್ಣನಿಗೆ ಫೋನ್ ಮಾಡಿದ.

“ಅಳ್ಬೇಡ್ವೋ ಮಂಕೇ. ನನ್ನ ಸನ್ಯಾಸಿ ಪಾತ್ರದ ಗಡ್ಡ ಇದೆ. ಇಬ್ರದ್ದೂ ಅಪ್ಪನ ಮುಖ ತಾನೇ?”

ಗಡ್ಡವನ್ನು ಅಣ್ಣನೇ ಹೊತ್ತು ತಂದ. ಯೂನಿಟ್ಟಿನವರೆಲ್ಲ ಕೆಲಸ ಬಿಟ್ಟು ಓಡಿಬಂದರು. ಅವನು ಯಾರ ಕಡೆಗೂ ನೋಡದೆ ತಮ್ಮನ ಗಲ್ಲ ಹಿಡಿದೆತ್ತಿ, ತಾನೇ ಅಂಟು ಸವರಿ, ಒಂದೊಂದೇ ಎಳೆ ಕೂರಿಸಿದ.

“ಬಾಯಿ ಆಡಿಸ್ಬೇಡ.”

“ಅಣ್ಣಾ, ನೀನು ಬಂದಿದ್ದು...”

“ಆಡಿಸ್ಬೇಡ ಅಂದ್ನಲ್ಲ!”

ಇನ್ನೊಂದು ತೊಡಕು ಉಳಿದಿತ್ತು. ಬೆಂಚಿನ ಅಪರಿಚಿತನಾಗಿ ಕೂತವನು ದೊಡ್ಡ ನಟನನ್ನು ಕಂಡು, ಪತ್ರಿಕೆಯನ್ನು ತಲೆಕೆಳಗಾಗಿ ಹಿಡಿದು, ನಿಮಿಷಕ್ಕೊಮ್ಮೆ ಎದ್ದು ಕೈಮುಗಿಯುತ್ತಿದ್ದ.

“ನೀನು ಏಳಪ್ಪಾ, ನಾನು ಕೂರ್ತೀನಿ,” ಎಂದ ಅಣ್ಣ. “ನನಗೆ ಒಂದು ಮಾತೂ ಬೇಡ. ತಮ್ಮ ನನ್ನ ನೋಡ್ಕೊಂಡು ಮಾತಾಡ್ಲಿ, ಅವನ ಭಯ ಹೋಗುತ್ತೆ.”

ತಮ್ಮ ಮಾತಾಡಿದ. ಒಂದು ಪದವೂ ತಪ್ಪಲಿಲ್ಲ. ಮುಗಿದಾಗ ದೀಪ ಹಿಡಿದವನು ಮೂಗೊರೆಸಿಕೊಳ್ಳುತ್ತಿದ್ದ. ನಿರ್ದೇಶಕ ಓಡಿಬಂದು ತಮ್ಮನನ್ನು ತಬ್ಬಿಕೊಂಡ.

“ಎಂಥ ದನಿ ಸ್ವಾಮಿ ನಿಮ್ದು! ಇಂಥದ್ದು ಇನ್ನೊಂದು ಸಲ ಬರಲ್ಲ. ಬನ್ನಿ, ನೋಡಿ!”

ಪರದೆಯ ಮೇಲೆ ಮೊದಲ ಮಾತಿನಿಂದ ಕೊನೆಯ ಮಾತಿನವರೆಗೂ ಅಣ್ಣನ ಮುಖ! ಸುಮ್ಮನೆ ಕೇಳುತ್ತಿದ್ದ ಮುಖ. ನಿಧಾನವಾಗಿ ತುಂಬಿಕೊಂಡ ಕಣ್ಣು. ಅಂಚಿನಲ್ಲಿ ತಮ್ಮನ ಒಂದು ಕಿವಿ, ಅರ್ಧ ಗಡ್ಡ.

“ಅವರು ಅಳೋದು ನೋಡಿ ಕ್ಯಾಮೆರಾ ತಾನಾಗೇ ಆ ಕಡೆ ವಾಲ್ತು ಸಾರ್,” ಎಂದು ಕ್ಯಾಮೆರಾದವನು ತಲೆ ತಗ್ಗಿಸಿದ.

ಅಣ್ಣ ಕೆರಳಿದ. “ನಾನು ಬಂದಿದ್ದು ಇದಕ್ಕಾ? ಇವನ ಮುಖದ ಮೇಲೆ ಮತ್ತೆ ತೆಗೀರಿ, ಈಗಲೇ!”

ತಮ್ಮ ಅವನ ತೋಳು ಹಿಡಿದ. “ಬೇಡಣ್ಣಾ. ನಿಜ ಹೇಳು, ಅದು ಆಕ್ಟಿಂಗಾ?”

“ಎಂಥಾ ಆಕ್ಟಿಂಗೋ! ನೀನು ಹಿಂಗೆ ಮಾತಾಡ್ತೀಯ ಅಂತ ನನಗೆ ಗೊತ್ತೇ ಇರ್ಲಿಲ್ಲ.”

“ಹಾಗಾದ್ರೆ ಇರಲಿ ಬಿಡು. ನಾನು ಹುಟ್ಟಿದಾಗಿಂದ, ನನ್ನ ಮಾತನ್ನ ನೀನು ಮಧ್ಯೆ ಬಾಯಿ ಹಾಕದೆ ಪೂರ್ತಿ ಕೇಳಿದ್ದು ಇದೇ ಮೊದಲು. ಅದಕ್ಕೆ ಸಾಕ್ಷಿ ಇರಲಿ.”

ಅಣ್ಣ ಏನೋ ಹೇಳಲು ಬಾಯಿ ತೆರೆದವನು, ತಮ್ಮನ ಮುಖ ನೋಡಿ ಮೆಲ್ಲಗೆ ಮುಚ್ಚಿಕೊಂಡ.