ಬೀಗಿತ್ತಿಯ ವಕಾಲತ್ತು

ಮೈತ್ರಿ, ಚಿರಂತ್, ನಿಮ್ಮ ಊರಜ್ಜಿಯಾದ ನನ್ನನ್ನು ನೇಣುಗಂಬದ ಬುಡದ ತನಕ ಕರೆದೊಯ್ದವರು ಯಾರು ಎಂದು ಮುಂದೆ ಯಾರಾದರೂ ಕೇಳಿದರೆ ಅನುಮಾನಿಸಬೇಡಿ, ನಿಮ್ಮ ಬೆಂಗಳೂರಜ್ಜಿಯ ಕಡೆ ಬೆರಳು ತೋರಿಸಿ. ಅವರು ಅಲ್ಲಗಳೆಯುವವರಲ್ಲ. "ಬಿಡಿಸ್ಕೊಂಡು ಬಂದವಳೂ ನಾನೇ" ಎಂದು ಸೇರಿಸುತ್ತಾರೆ, ಅಷ್ಟೆ.

ನಿಮಗೆ ಅವರು ಅಪ್ಪನ ಅಮ್ಮ, ನನಗೆ ಬೀಗಿತ್ತಿ. ಬೀಗಿತ್ತಿಯರು ಎಂದರೆ ಮದುವೆಯಲ್ಲಿ ಒಬ್ಬರಿಗೊಬ್ಬರು ಸಕ್ಕರೆ ಕೊಟ್ಟು, ಆಮೇಲೆ ದೂರದಿಂದ ಕ್ಷೇಮ ವಿಚಾರಿಸಿಕೊಂಡು ಇರಬೇಕಾದವರು. ನಿಮ್ಮ ಅಪ್ಪ ಅಮ್ಮ ನಮ್ಮಿಬ್ಬರನ್ನೂ ಏಳು ಸಮುದ್ರದಾಚೆಯ ಈ ಸರಟೋಗಾದ ಒಂದೇ ಮನೆಯಲ್ಲಿ, ಒಂದೇ ಸ್ಟೋವಿನ ಮುಂದೆ ನಿಲ್ಲಿಸಿದ್ದಾರೆ. ನಾನೋ ಹಳ್ಳಿಶಾಲೆಯಲ್ಲಿ ನಾಲ್ಕಕ್ಷರ ಕಲಿತವಳು. ಬೀದಿಯಲ್ಲಿ ಯಾರಾದರೂ ಹೇಗಿದ್ದೀರಿ ಎಂದು ಕೇಳಿದರೆ, ನನಗೆ ಉತ್ತರ ಹೊಳೆಯುವಷ್ಟರಲ್ಲಿ ಅವರು ಮುಂದಿನ ತಿರುವು ದಾಟಿರುತ್ತಾರೆ. ಬೆಂಗಳೂರಜ್ಜಿ ಹಾಗಲ್ಲ. ಯಾರೂ ಕೇಳದಿದ್ದರೂ ಉತ್ತರ ಕೊಡುತ್ತಾರೆ.

ಫ್ರೀಮಾಂಟಿನ ಇಂಡಿಯನ್ ಗ್ರೋಸರಿಯಲ್ಲಿ ಅವರು ಬೆಂಡೆಕಾಯಿ ಆರಿಸುವುದನ್ನು ನೀವೂ ನೋಡಿದ್ದೀರಿ. ಒಂದೊಂದರ ತುದಿಯನ್ನೂ ಟಕ್ಕೆಂದು ಮುರಿಯಬೇಕು. ಮುರಿದರೆ ಎಳೆಯದು, ಬಗ್ಗಿದರೆ ಬಲಿತದ್ದು. ಒಂದು ದಿನ ಹೋದಾಗ ಬುಟ್ಟಿಯ ಮೇಲೆ ಚೀಟಿ ಅಂಟಿಸಿದ್ದರು: ದಯವಿಟ್ಟು ತುದಿ ಮುರಿಯಬೇಡಿ. ಮೈತ್ರಿ ಅದನ್ನು ಓದಿ ಹೇಳಿದಳು. ಬೀಗಿತ್ತಿ ಮರುಗಿದರು.

"ಪಾಪ, ಎಂಥೆಂಥ ಜನ ಬರ್ತಾರೋ ಇಲ್ಲಿಗೆ" ಎನ್ನುತ್ತಾ ಟಕ್ಕೆಂದು ಇನ್ನೊಂದು ಮುರಿದರು.

ಹೂವಿನ ಪ್ರಸಂಗ ಇದಕ್ಕಿಂತ ದೊಡ್ಡದು. ಬೆಳಗಿನ ವಾಕಿಂಗಿಗೆ ಹೊರಟರೆ ಅವರ ಸ್ವೆಟರಿನ ಜೇಬಿನಲ್ಲಿ ಒಂದು ಪ್ಲಾಸ್ಟಿಕ್ ಕವರು ಇರುತ್ತಿತ್ತು. ಬೇಲಿಯಿಂದ ಹೊರಗೆ ಚಾಚಿದ ಹೂವು ದೇವರದು ಎಂಬುದು ಅವರು ಬೆಂಗಳೂರಿನಿಂದ ತಂದ ಕಾನೂನು. ಕವರು ಹಿಡಿಯುವ ಕೆಲಸ ನನ್ನದು. ಆದರೆ ಈ ಊರಿನಲ್ಲಿ ಬಾಗಿಲ ಕರೆಗಂಟೆಗೂ ಕಣ್ಣಿದೆಯಲ್ಲ! ಸೀರೆಯ ಮೇಲೆ ಸ್ವೆಟರು ಹಾಕಿದ ಇಬ್ಬರು ಮುದುಕಿಯರು ಗುಲಾಬಿ ಬಿಡಿಸುವ ವಿಡಿಯೋ ಬೀದಿಯವರ ಫೋನಿಗೆಲ್ಲ ಹೋಯಿತು. ಸಂಜೆ ಗುಲಾಬಿ ಮನೆಯ ಯಜಮಾನ ನಮ್ಮ ಬಾಗಿಲಿಗೇ ಬಂದ. ನಾನು ಪ್ಯಾಂಟ್ರಿಯೊಳಗೆ ಅಕ್ಕಿ ಮೂಟೆಯ ಹಿಂದೆ ಸೇರಿಕೊಂಡೆ. ಬೀಗಿತ್ತಿ ಅವನನ್ನು ಕರೆದು ಕೂರಿಸಿ, ಕೋಡುಬಳೆ ಕೊಟ್ಟು, ದೇವರ ಮುಂದಿದ್ದ ಅವನದೇ ಗುಲಾಬಿಯನ್ನು ತೋರಿಸಿ, "ಫಿಫ್ಟಿ ಪರ್ಸೆಂಟ್ ಪುಣ್ಯ ಯುವರ್ಸ್" ಎಂದರು. ಈಗ ಆತ ತಾನೇ ಹೂವು ಕತ್ತರಿಸಿ, ಒಂದು ಲೋಟದಲ್ಲಿ ಮೆಟ್ಟಿಲ ಮೇಲೆ ಇಟ್ಟಿರುತ್ತಾನೆ. ಲೋಟ ವಾಪಸು ಕೊಡುವಾಗ ಬರಿದಾಗಿ ಕೊಡಬಾರದೆಂದು ಬೀಗಿತ್ತಿ ಅದರಲ್ಲಿ ಚಟ್ನಿಪುಡಿ ತುಂಬಿ ಕೊಡುತ್ತಾರೆ. ಅವನು ಅದನ್ನು ಏನು ಮಾಡುತ್ತಾನೋ, ದೇವರಿಗೇ ಗೊತ್ತು.

ಇಲ್ಲಿ ನನ್ನ ವಿಷಯ ಒಂದು ಮಾತು ಹೇಳಬೇಕು. ನಮ್ಮಲ್ಲಿ ಆರತಿಯನ್ನು ಒಬ್ಬರೇ ಎತ್ತುವುದಿಲ್ಲ. ಇಬ್ಬರು ಹೆಂಗಸರು ಎರಡು ಕಡೆಯಿಂದ ತಟ್ಟೆ ಹಿಡಿಯಬೇಕು, ಇಬ್ಬರೂ ಮುತ್ತೈದೆಯರಾಗಿರಬೇಕು. ನಿಮ್ಮ ಊರತಾತ, ನನ್ನ ಯಜಮಾನರು, ತೀರಿಹೋದಮೇಲೆ ನಾನು ತಟ್ಟೆ ಮುಟ್ಟಿರಲಿಲ್ಲ. ಆರತಿ ಹೊತ್ತಿಗೆ ನನಗೆ ಅಡುಗೆಮನೆಯಲ್ಲಿ ಏನಾದರೊಂದು ಕೆಲಸ ನೆನಪಾಗುತ್ತಿತ್ತು. ಯಾರಾದರೂ ಒಳ್ಳೆಯ ಕೆಲಸಕ್ಕೆ ಹೊರಟರೆ ಎದುರಾಗದಂತೆ ಬಾಗಿಲ ಹಿಂದೆ ಸರಿಯುತ್ತಿದ್ದೆ. ಹೋಗು ಎಂದು ಯಾರೂ ಹೇಳಿದ್ದಲ್ಲ. ನಿಮ್ಮ ಅಮ್ಮ ಬೈದೂ ಬೈದೂ ಸುಸ್ತಾದಳು. ಆ ಅಕ್ಟೋಬರಿನಲ್ಲಿ ಮೈತ್ರಿಯ ಹುಟ್ಟುಹಬ್ಬ ಹತ್ತಿರ ಬರುತ್ತಿತ್ತು. "ಊರಜ್ಜಿ, ದಿಸ್ ಟೈಮ್ ಯು ಡೂ ಇಟ್, ಪ್ಲೀಸ್" ಎಂದು ಅವಳು ಕೇಳಿದ್ದಳು. ನಾನು ನೋಡೋಣ ಎಂದಿದ್ದೆ. ನನ್ನ ನೋಡೋಣ ಎಂದರೆ ಇಲ್ಲ ಎಂದು ಅವಳಿಗೆ ಗೊತ್ತಿತ್ತು. ಪೆಚ್ಚಾದ ಅವಳ ಮುಖ ಸಾರು ಕುದಿಸುವಾಗಲೂ ನನ್ನ ಕಣ್ಣ ಮುಂದೆ ಬರುತ್ತಿತ್ತು.

ಅದೇ ವಾರ ಬೀಗಿತ್ತಿ ಲೈಬ್ರರಿಯಿಂದ ಒಂದು ಚೀಟಿ ತಂದರು. ಬಿಟ್ಟಿ ಕಾರ್ಯಕ್ರಮ ಎಂದರೆ ಅವರು ಬಿಡುವವರಲ್ಲ. ಹಿಂದಿನ ತಿಂಗಳು ತೆರಿಗೆ ಕಟ್ಟುವುದು ಹೇಗೆ ಎಂಬ ತರಗತಿಗೆ ಹೋಗಿ, ಕಟ್ಟಲು ತೆರಿಗೆಯೇ ಇಲ್ಲದಿದ್ದರೂ ಮೊದಲ ಸಾಲಿನಲ್ಲಿ ಕೂತು ಮೂರು ಸಂದೇಹ ಕೇಳಿ ಬಂದಿದ್ದರು. ಈ ಸಲದ್ದು ಸಂಜೆಯ ನಡಿಗೆ. ಇಂಗ್ಲಿಷರು ಈ ದೇಶಕ್ಕೆ ಬಂದು ನೆಲೆಯೂರಿದ ಕಾಲದಲ್ಲಿ ಹೆಂಗಸರನ್ನು ಮಾಟಗಾತಿಯರೆಂದು ಹಿಡಿದು ವಿಚಾರಣೆ ನಡೆಸಿದರಲ್ಲ, ಆ ಕಥೆಯನ್ನು ನಡೆಯುತ್ತಾ ಹೇಳುತ್ತಾರಂತೆ.

"ಶುಗರಿಗೆ ವಾಕಿಂಗೂ ಆಯ್ತು, ತಲೆಗೆ ಹಿಸ್ಟರಿನೂ ಆಯ್ತು. ಹೊರಡಿ ಬೀಗಿತ್ತೀ" ಎಂದರು. ಅವರು ಹೊರಡಿ ಎಂದಮೇಲೆ ಹೊರಡದೆ ಉಳಿದವರುಂಟೆ? ಟಿವಿಯ ಮುಂದೆ ನಿದ್ದೆ ಹೋಗಿದ್ದ ನಿಮ್ಮ ಬೆಂಗಳೂರು ತಾತ, ಬೀಗಿತ್ತಿಯ ಯಜಮಾನರು, ಒಬ್ಬರೇ ಉಳಿದರು. ಭಾಷೆ ದಾಟಿಸಲು ಮೈತ್ರಿ, ತಂಟೆಗೆ ಚಿರಂತ್ ಜೊತೆಯಾದರು.

ಕಥೆ ಹೇಳುವ ಹೆಂಗಸು ಎತ್ತರದ ಮುದುಕಿ. ಚೂಪು ಟೋಪಿ, ಕಪ್ಪು ನಿಲುವಂಗಿ, ಕೈಯಲ್ಲಿ ಲಾಟೀನು. ಹಿಂದೆ ಶಾಲೆಯಲ್ಲಿ ಇತಿಹಾಸದ ಮೇಡಮ್ ಆಗಿದ್ದರಂತೆ. ಇದೆಲ್ಲ ನಡೆದದ್ದು ದೇಶದ ಆ ತುದಿಯಲ್ಲಿ, ಪೂರ್ವದ ಕರಾವಳಿಯಲ್ಲಿ ಎಂದು ಅವರು ಶುರುಮಾಡಿದ ಕೂಡಲೇ ಬೀಗಿತ್ತಿ ಕೈ ಎತ್ತಿದರು.

"ಆ ತುದೀಲಿ ನಡೆದದ್ದಕ್ಕೆ ನಾವು ಈ ತುದೀಲಿ ಯಾಕೆ ನಡೀಬೇಕು, ಕೇಳು ಮೈತ್ರಿ."

ಮೈತ್ರಿ ನೆಲ ನೋಡುತ್ತಾ ಕೇಳಿದಳು. ಮೇಡಮ್ ನಕ್ಕು, ತಾನು ಹುಟ್ಟಿ ಬೆಳೆದದ್ದು ಅಲ್ಲಿ, ಇಲ್ಲಿಗೆ ಬರುವಾಗ ಕಥೆಯೂ ತನ್ನ ಜೊತೆ ಬಂತು ಎಂದರು.

"ಹಂಗಾದ್ರೆ ಸರಿ. ನಮ್ಮ ಸಾರಿನಪುಡಿ ಬಂದ ಹಾಗೆ" ಎಂದು ಬೀಗಿತ್ತಿ ಮುಂದಕ್ಕೆ ನಡೆಯಲು ಅಪ್ಪಣೆ ಕೊಟ್ಟರು.

ಮನೆಮನೆಯ ಮುಂದೆ ಕಣ್ಣು ಬಾಯಿ ಕೊರೆದ ಕುಂಬಳಕಾಯಿಗಳು. "ನೋಡಿ, ದೃಷ್ಟಿ ತಾಕದೇ ಇರೋಕೆ ಇವರಿಗೂ ಕುಂಬಳಕಾಯೇ ಬೇಕು. ಆದ್ರೆ ಒಡೆಯೋದು ಯಾವಾಗ ಅಂತ ಗೊತ್ತಿಲ್ಲ" ಎಂದರು ಬೀಗಿತ್ತಿ. ಒಂದು ಓಕ್ ಮರದ ಕೆಳಗೆ ಮೇಡಮ್ ಲಾಟೀನು ಎತ್ತಿ ಹಿಡಿದು ಹೇಳಿದರು. ಪಕ್ಕದ ಮನೆಯ ಹಸು ಕಾಯಿಲೆ ಬಿದ್ದರೆ, ಕಡೆದ ಮೊಸರಿನಲ್ಲಿ ಬೆಣ್ಣೆ ಬರದಿದ್ದರೆ, ಮಗು ಬೆಚ್ಚಿಬಿದ್ದರೆ ಯಾರಾದರೊಬ್ಬ ಹೆಂಗಸಿನ ಕಡೆ ಬೆರಳು ತೋರಿಸುವರು. ಆಕೆ ಬಡವಿಯಾಗಿರಬಹುದು, ಜಗಳಗಂಟಿಯಾಗಿರಬಹುದು, ಪರವಾಗಿ ಮಾತಾಡುವವರಿಲ್ಲದ ವಿಧವೆಯಾಗಿರಬಹುದು. ಮೈತ್ರಿ ಕೊನೆಯ ಮಾತನ್ನು ನನಗೆ ಕನ್ನಡದಲ್ಲಿ ಹೇಳಲಿಲ್ಲ. ಹೇಳದಿದ್ದರೂ ತಿಳಿಯಿತು. ಅದೊಂದು ಇಂಗ್ಲಿಷ್ ಪದ ನನಗೆ ವೀಸಾ ಕಾಗದದಿಂದಲೇ ಪರಿಚಯ.

ನಡಿಗೆ ಮುಗಿದದ್ದು ಒಂದು ಸಣ್ಣ ಪಾರ್ಕಿನಲ್ಲಿ. ಅಲ್ಲಿ ಸುಳ್ಳು ವಿಚಾರಣೆ. ಮೇಡಮ್ಮೇ ನ್ಯಾಯಾಧೀಶರು. ಮಾಟ ತಗುಲಿ ಒದ್ದಾಡುವ ಮಕ್ಕಳು ಬೇಕು ಎಂದಾಗ, ಚಿರಂತ್, ಅವರ ಮಾತು ಮುಗಿಯುವ ಮೊದಲೇ ನೀನು ಹುಲ್ಲಿನ ಮೇಲೆ ಬಿದ್ದು ಒದ್ದಾಡುತ್ತಿದ್ದೆ. ಆಪಾದಿತೆ ಯಾರಾಗುತ್ತೀರಿ ಎಂದು ಕೇಳಿದಾಗ ಎಲ್ಲರೂ ತಮ್ಮ ತಮ್ಮ ಷೂ ನೋಡಿಕೊಂಡರು. ಆಗ ನನ್ನ ಕೈ ನನ್ನ ಅಪ್ಪಣೆಯಿಲ್ಲದೆ ಮೇಲೆ ಹೋಯಿತು. ಬೀಗಿತ್ತಿ ಮಣಿಕಟ್ಟು ಹಿಡಿದು ಎತ್ತಿದ್ದರು.

"ಇಟ್ಸ್ ಜಸ್ಟ್ ಪ್ರಿಟೆಂಡ್, ಅಜ್ಜಿ" ಎಂದಳು ಮೈತ್ರಿ. ನಾನು ಅವಳ ಬೆನ್ನ ಹಿಂದೆ ಅವಿತುಕೊಳ್ಳಲು ನೋಡಿದೆ.

"ಹೆದರ್ಬೇಡಿ, ನಾನೇ ನಿಮ್ಮ ಲಾಯರು" ಎಂದು ಬೀಗಿತ್ತಿ ಸೆರಗು ಸಿಕ್ಕಿಸಿಕೊಂಡರು.

ಈ ಹೆಂಗಸು ತನ್ನಷ್ಟಕ್ಕೆ ತಾನೇ ಏನಾದರೂ ಗೊಣಗುವುದನ್ನು ಕಂಡವರುಂಟೆ ಎಂದು ನ್ಯಾಯಾಧೀಶರು ಕೇಳಿದರು.

"ದಿನಾ! ಬೆಳಿಗ್ಗೆ ಎದ್ರೆ ಸ್ನಾನ ಆಗೋ ತನಕ ತುಟಿ ನಿಲ್ಲೋದಿಲ್ಲ. ಇವರಷ್ಟು ಭಕ್ತಿ ಯಾರಿಗಿದೆ?"

ಮೈತ್ರಿ ಇಂಗ್ಲಿಷಿನಲ್ಲಿ ಹೇಳಿದಳು. ಜನ ಓಹೋ ಎಂದರು. ಮದ್ದಿಲ್ಲದೆ ಕಾಯಿಲೆ ವಾಸಿ ಮಾಡಿದ್ದುಂಟೆ?

"ಮಾಡದೆ ಏನು? ಮಗು ರಚ್ಚೆ ಹಿಡಿದ್ರೆ ಉಪ್ಪು ಮೆಣಸಿನಕಾಯಿ ನಿವಾಳಿಸಿ ಬೆಂಕಿಗೆ ಹಾಕ್ತಾರೆ. ಮಗು ಗಪ್‌ಚುಪ್. ಸ್ಮೋಕ್ ಅಲಾರಂ ಮಾತ್ರ ಬಡ್ಕೊಳತ್ತೆ. ಒಂದ್ಸಲ ಫೈರ್ ಎಂಜಿನ್ನೇ ಬಂದಿತ್ತು."

"ಅಜ್ಜಿ, ಸ್ಟಾಪ್" ಎಂದಳು ಮೈತ್ರಿ. ಎಲ್ಲಿಯ ಸ್ಟಾಪ್? ಇವಳು ಕರೆದರೆ ಬರುವ ಪ್ರಾಣಿ ಏನಾದರೂ ಇದೆಯೆ ಎಂದು ಮೇಡಮ್ ಕೇಳಿದ್ದೇ ತಡ, ವಕೀಲರ ಮುಖ ಅರಳಿತು.

"ಕಾಗೆ! ಹಿತ್ತಿಲಲ್ಲಿ ನಿಂತು ಕಾ ಕಾ ಅಂದ್ರೆ ಸಾಕು, ಆ ಬೆಟ್ಟದಿಂದ ಹಾರಿ ಬರತ್ತೆ. ಎಷ್ಟು ಮರ್ಯಾದೆ ಗೊತ್ತಾ ಇವರ ಮೇಲೆ ಅದಕ್ಕೆ?"

ಮಾಟಗಾತಿ ಎಂದು ಸಾಬೀತು ಮಾಡಲು ಇನ್ನು ಏನು ಬಾಕಿ ಉಳಿಯಿತು? ಆ ಕಾಲದ ಸರ್ಕಾರಿ ವಕೀಲನೂ ಇಷ್ಟು ಸಾಕ್ಷಿ ಕೂಡಿಸಿರಲಾರ. ಬೀಗಿತ್ತಿ ಮಾತ್ರ ಗೆದ್ದವರಂತೆ ಸುತ್ತ ನೋಡುತ್ತಿದ್ದರು.

ನ್ಯಾಯಾಧೀಶರ ದನಿ ಗಂಭೀರವಾಯಿತು. ತಪ್ಪು ಒಪ್ಪಿಕೊಂಡರೆ ಜೀವ ಉಳಿಯಬಹುದು. ಇಲ್ಲವೆಂದು ಹಟ ಹಿಡಿದವರನ್ನೇ ಆಗ ಗಲ್ಲಿಗೆ ಏರಿಸಿದ್ದು. ಏನು ಹೇಳುತ್ತೀ?

"ಒಪ್ಕೊಂಡ್ಬಿಡಿ ಬೀಗಿತ್ತೀ" ಎಂದು ವಕೀಲರು ಪಿಸುಗುಟ್ಟಿದರು. "ಮನೇಲಿ ದೋಸೆ ಹಿಟ್ಟು ಉಕ್ಕಿರತ್ತೆ."

ಒಪ್ಪಿಕೊಂಡು ಹಿಂದೆ ಸರಿಯುವುದೇನು ನನಗೆ ಹೊಸದೆ? ಆದರೆ ಆ ಕಾಗೆಯ ಮಾತು ಮನಸ್ಸಿನಿಂದ ಹೋಗಲಿಲ್ಲ. ತೀರಿಹೋದ ನಿಮ್ಮ ಊರತಾತನ ಹೆಸರಿನಲ್ಲಿ ನಾನು ಕಾಗೆಗೆ ಇಡುವ ಅನ್ನ ಅದು. ಅದನ್ನು ಹೇಗೆ ತಪ್ಪು ಎಂದು ಒಪ್ಪಲಿ? ಅಷ್ಟು ಜನರ ಮುಂದೆ ಬಾಯಿ ತೆರೆದೆ.

"ನಾನು ಒಪ್ಪಾಕಿಲ್ಲ. ಹಸಿದಿದ್ದಕ್ಕೆ ಅನ್ನ ಇಕ್ಕಿದೀನಿ. ಅಳೋ ಕೂಸಿನ ದೃಷ್ಟಿ ತೆಗೆದಿದೀನಿ. ಯಾರಿಗೂ ಕೇಡು ಬಗೆದಿಲ್ಲ. ನಿಮ್ಮ ಹಸು ಕಾಯಿಲೆ ಬಿದ್ರೆ ದನದ ಡಾಕ್ಟರನ್ನ ಕರೀರಿ. ನನ್ನನ್ನ ಯಾಕೆ ಕರೆಸಿದ್ರಿ?"

ಮೈತ್ರಿ, ನೀನು ಅದನ್ನು ಇಂಗ್ಲಿಷಿನಲ್ಲಿ ಹೇಳುವಾಗ ನಿನ್ನ ದನಿ ನನ್ನದಕ್ಕಿಂತ ದೊಡ್ಡದಾಗಿತ್ತು. ಆಮೇಲೆ ಆ ಮೇಡಮ್ ತಮ್ಮ ಚೂಪು ಟೋಪಿ ತೆಗೆದು ಕಂಕುಳಲ್ಲಿ ಇಟ್ಟುಕೊಂಡು, ಇಂಥದೇ ಮಾತು ಆಡಿದವರನ್ನು ಅಂದು ಉಳಿಸಿಕೊಳ್ಳಲಿಲ್ಲ, ಇಂದು ನೀವು ಏನು ಮಾಡುತ್ತೀರಿ ಎಂದು ಜನರನ್ನು ಕೇಳಿದರು. ಎಲ್ಲರ ಕೈಗಳೂ ಮೇಲೆದ್ದವು. ಹುಲ್ಲಿನಲ್ಲಿ ಒದ್ದಾಡುತ್ತಿದ್ದ ಚಿರಂತ್ ಎದ್ದು ಕೂತು ಎರಡು ಕೈಯನ್ನೂ ಎತ್ತಿದ. ನಿರಪರಾಧಿ! ಪಾರ್ಕಿನಿಂದ ಮನೆಯವರೆಗೆ ನನ್ನ ಕಾಲು ನೆಲ ಮುಟ್ಟಲಿಲ್ಲ.

"ನನ್ನ ವಾದ ಹೇಗಿತ್ತು?" ಎಂದು ಬೀಗಿತ್ತಿ ದಾರಿಯುದ್ದಕ್ಕೂ ಕೇಳಿದರು. ಹಿಟ್ಟು ನಿಜಕ್ಕೂ ಉಕ್ಕಿತ್ತು.

ಹುಟ್ಟುಹಬ್ಬದ ಸಂಜೆ ಮೈತ್ರಿಯನ್ನು ಮಣೆಯ ಮೇಲೆ ಕೂರಿಸಿದರು. ಗೆದ್ದವಳು ಏನು ಮಾಡಿದಳು ಗೊತ್ತೆ? ಎಂದಿನಂತೆ ಅಡುಗೆಮನೆ ಸೇರಿದಳು. ಹಿಂದೆಯೇ ಬೀಗಿತ್ತಿ ಆರತಿ ತಟ್ಟೆ ಹಿಡಿದು ಬಂದರು.

"ಏನು ಮಾಡ್ತಿದೀರಿ?"

"ಪಾಯಸ ತಳ ಹಿಡೀತದೆ."

"ಸ್ಟೋವ್ ಆರಿಸಿ ಎಷ್ಟು ಹೊತ್ತಾಯ್ತು."

ಆದರೂ ನಾನು ಸೌಟು ಆಡಿಸಿದೆ.

"ಊರೆಲ್ಲ ಕೈ ಎತ್ತಿ ಬಿಡುಗಡೆ ಮಾಡಿದ್ರು. ಮತ್ತೆ ನೀವೇ ಯಾಕೆ ಒಳಗೆ ಬಂದು ಕೂತಿದೀರಿ?"

"ಶಾಸ್ತ್ರ ಅಂತ ಒಂದೈತಲ್ಲ, ಬೀಗಿತ್ತೀ."

"ಬೇಲಿಯಿಂದ ಆಚೆ ಬಂದ ಹೂವು ದೇವರದು ಅನ್ನೋ ಶಾಸ್ತ್ರ ಮಾಡಿದ್ದು ಯಾರು? ನಾನೇ. ಇದನ್ನೂ ನಾನೇ ಮಾಡ್ತೀನಿ. ತಟ್ಟೆಗೆ ಇಬ್ಬರು ಬೇಕು. ಅವಳಿಗೆ ಇರೋದು ಇಬ್ಬರು ಅಜ್ಜಿಯರು. ಲೆಕ್ಕ ಸರಿಯಾಗಿದೆ."

ಪಾರ್ಕಿನಲ್ಲಿ ಹಿಡಿದಂತೆಯೇ ನನ್ನ ಮಣಿಕಟ್ಟು ಹಿಡಿದರು. ಅದೇ ಕೈ. ಈ ಸಲ ಅವರು ಎತ್ತಲಿಲ್ಲ, ತಟ್ಟೆಯ ಇನ್ನೊಂದು ಅಂಚಿಗೆ ತಂದು ಬಿಟ್ಟರು. ಎತ್ತಿದವಳು ನಾನೇ. ದೀಪದ ಆಚೆ ಮೈತ್ರಿಯ ಮುಖ ಕಂಡಿತು. ಹಾಡು ನನ್ನ ಬಾಯಿಂದ ಅರ್ಧವೇ ಬಂತು, ಉಳಿದರ್ಧವನ್ನು ಬೀಗಿತ್ತಿ ಅಪಸ್ವರದಲ್ಲಿ ಪೂರೈಸಿದರು. "ನಿಮ್ಮ ಕಡೆ ತಟ್ಟೆ ತಗ್ಗುತ್ತಾ ಇದೆ" ಎಂದು ನಡುವೆ ಬೈದರು. ಬೈಯುವಾಗ ಅವರ ಕಣ್ಣಲ್ಲೂ ನೀರಿತ್ತು. ಕೇಳಿದರೆ ಕರ್ಪೂರದ ಹೊಗೆ ಎನ್ನುತ್ತಾರೆ, ಕೇಳಬೇಡಿ.

ಮಕ್ಕಳೇ, ನಿಮಗೆ ಕನ್ನಡ ಸರಾಗವಾಗಿ ಓದಲು ಬರುವತನಕ ಈ ಹಾಳೆಗಳನ್ನು ಜೋಪಾನವಾಗಿ ಇಟ್ಟುಕೊಳ್ಳಿ. ಬೆಂಗಳೂರಜ್ಜಿಯ ಕೈಗೆ ಸಿಗದ ಹಾಗೆ ಇಡಿ, ಕೋಡುಬಳೆಯ ಎಣ್ಣೆ ಹೀರಲು ಹಾಸಿಬಿಟ್ಟಾರು. ಮುಂದೆ ನಿಮ್ಮ ಮನೆಯಲ್ಲಿ ಆರತಿ ಎತ್ತುವ ದಿನ ಇದನ್ನು ಒಮ್ಮೆ ತೆಗೆದು ಓದಿ. ಓದಿದ ಮೇಲೆ ಅಡುಗೆಮನೆಯಲ್ಲಿ ಯಾರಾದರೂ ಉಳಿದಿದ್ದಾರೆಯೇ ಎಂದು ಹೋಗಿ ನೋಡಿ.