ನನ್ನ ಬೆನ್ನು ಸೊಸೆಗೆ ಬಾಯಿಪಾಠ

ನನ್ನ ಸೊಸೆಗೆ ನನ್ನ ಮುಖ ಸರಿಯಾಗಿ ಗೊತ್ತಿಲ್ಲ. ನಂಬುವುದಿಲ್ಲವೇ? ನನ್ನ ಮೂಗುಬೊಟ್ಟು ಎಡಕ್ಕಿದೆಯೋ ಬಲಕ್ಕಿದೆಯೋ ಅಂತ ಕೇಳಿ ನೋಡಿ, ತಡವರಿಸುತ್ತಾಳೆ. ಆದರೆ ನನ್ನ ಬೆನ್ನಿನ ಮೇಲೆ ಮಚ್ಚೆ ಎಲ್ಲಿದೆ, ಯಾವ ಎಲುಬು ಎಷ್ಟು ಎದ್ದು ನಿಂತಿದೆ ಅಂತ ಕೇಳಿ, ಮಗ್ಗಿ ಒಪ್ಪಿಸಿದ ಹಾಗೆ ಒಪ್ಪಿಸುತ್ತಾಳೆ! ನಮ್ಮ ಕಾಲದಲ್ಲಿ ಸೊಸೆಯರು ಅತ್ತೆಯ ಬೆನ್ನ ಹಿಂದೆ ಮಾತಾಡುತ್ತಿದ್ದರು. ಇವಳು ಬೆನ್ನಿನ ಜೊತೆಗೇ ಮಾತಾಡುತ್ತಾಳೆ.

ಇವಳು ನರ್ಸು. ಬರೀ ನರ್ಸಲ್ಲ, ನರ್ಸುಗಳಿಗೆ ಕಲಿಸುವ ನರ್ಸು. ಹಾಸಿಗೆ ಹಿಡಿದವರು ಒಂದೇ ಮಗ್ಗುಲಿಗೆ ಬಿದ್ದುಕೊಂಡರೆ ಒತ್ತಿದ ಜಾಗ ಕೊಳೆತು ಹುಣ್ಣಾಗುತ್ತದಲ್ಲ, ಅದು ಆಗದಂತೆ ನೋಡಿಕೊಳ್ಳುವುದು ಹೇಗೆ ಅಂತ ಆಸ್ಪತ್ರೆಯವರಿಗೆ ಪಾಠ ಹೇಳುವುದೇ ಇವಳ ಕೆಲಸ. ಒಂದು ದಿನ ಸಿರುಗುಪ್ಪ, ಒಂದು ದಿನ ಕುರುಗೋಡು, ಮಿಕ್ಕ ದಿನ ಬಳ್ಳಾರಿ. ಎಲ್ಲಿಗೆ ಹೋದರೂ ಕಂಕುಳಲ್ಲಿ ಎರಡು ದಿಂಬು. ಸಿರುಗುಪ್ಪದ ಬಸ್ಸಿನ ಕಂಡಕ್ಟರ್ ಒಮ್ಮೆ ಕೇಳಿದನಂತೆ:

"ಅಕ್ಕಾರ, ಇದು ಮಲಗೋ ಬಸ್ಸಲ್ರಿ. ಕುಂದ್ರಾಕ ಜಾಗ ಸಿಕ್ರ ನಿಮ್ಮ ಪುಣ್ಯ!"

ಇವಳೇನು ಬಿಟ್ಟಾಳೇ? "ನೀ ದಿನಾ ನಿಂತ ಕೆಲಸ ಮಾಡಾಂವ, ನಿನಗ ಈ ರೋಗ ಬರಂಗಿಲ್ಲ ಬಿಡಪಾ. ಡ್ರೈವರಣ್ಣನ್ನ ಕರಿ, ಅವನ ಸೀಟು ನೋಡ್ಬೇಕು," ಅಂದಳಂತೆ.

ತರಕಾರಿ ತರಲು ಇವಳನ್ನು ಕಳಿಸಿದರೆ ಮುಗಿಯಿತು. ಟೊಮೇಟೊ ಒಂದೊಂದನ್ನೇ ಎತ್ತಿ, ಕೆಳಗಿನ ಮಗ್ಗುಲು ಒತ್ತಿ ನೋಡಿ, ಹೊರಳಿಸಿ ಇಡುತ್ತಾಳೆ. ಪುಟ್ಟಿಯಲ್ಲಿ ಇದ್ದಷ್ಟನ್ನೂ! "ಯವ್ವಾ, ಕೊಳ್ಳಾಕ ಬಂದೀಯೋ, ವಾರ್ಡು ನೋಡಾಕ ಬಂದೀಯೋ?" ಅಂತ ಮಾರುವವಳು ಬೈದರೂ ಕಿವಿಗೆ ಹಾಕಿಕೊಳ್ಳುವುದಿಲ್ಲ.

ಇನ್ನೊಂದು ಕೇಳಿ. ನನ್ನ ತಂಗಿಯ ಮಗನಿಗೆ ಹೆಣ್ಣು ನೋಡಲು ಸಿರುಗುಪ್ಪದ ಕಡೆ ಹೋದವರ ಜೊತೆ ಇವಳನ್ನೂ ಕಳಿಸಿದ್ದೆ. ಓದಿದವಳು, ನಾಲ್ಕು ಮಾತು ಕೇಳಿಕೊಂಡು ಬರುತ್ತಾಳೆ ಅಂತ ನನ್ನ ಆಸೆ. ತಿರುಗಿ ಬಂದವಳನ್ನು ಕೇಳಿದೆ.

"ಹುಡುಗಿ ಹೆಂಗದಾಳಲೇ?"

"ಎಡಗಾಲಿನ ಹಿಮ್ಮಡಿ ಕೆಂಪಗಾಗೈತ್ರಿ ಅತ್ತಿ. ದಿಂಬು ಕೊಟ್ಟು, ಹಿಮ್ಮಡಿ ಹಾಸಿಗಿಗೆ ತಾಗದಂಗ ಎತ್ತಿ ಇಟ್ಟು ಬಂದೀನಿ."

ಮದುವೆಯಾಗಬೇಕಾದ ಹುಡುಗಿ ಹಾಸಿಗೆ ಹಿಡಿದಿದ್ದಾಳೆಯೇ! ಆಮೇಲೆ ತಿಳಿಯಿತು, ಇವಳು ನೋಡಿದ್ದು ಹುಡುಗಿಯ ಅಜ್ಜಿಯನ್ನು. ಹುಡುಗಿ ಉಪ್ಪಿಟ್ಟಿನ ತಟ್ಟೆ ಹಿಡಿದು ಎದುರಿಗೆ ಬಂದಾಗ ಈ ಮಹಾತಾಯಿ ಒಳಗಿನ ಕೋಣೆಯಲ್ಲಿ ಅಜ್ಜಿಯ ಕೌದಿ ಎತ್ತಿ ಕಾಲು ನೋಡುತ್ತಿದ್ದಳು. ಅಜ್ಜಿಗೆ ಎಷ್ಟು ಹಿಡಿಸಿತೆಂದರೆ, "ಈ ಮನಿಗೇ ನಮ್ಮ ಹುಡುಗಿನ್ನ ಕೊಡ್ರಿ," ಅಂತ ಹಟ ಹಿಡಿದು ಮದುವೆ ಮಾಡಿಸಿದಳು. ಹುಡುಗ ಏನು ಕೆಲಸ ಮಾಡುತ್ತಾನೆ ಅಂತ ಕೂಡ ಕೇಳಲಿಲ್ಲ.

ಇಂಥವಳ ಕೈಗೆ ನಾನು ಸಿಕ್ಕಿಬಿದ್ದೆ. ಬಚ್ಚಲಲ್ಲಿ ಕಾಲು ಜಾರಿ ತೊಡೆಯ ಎಲುಬು ಮುರಿಯಿತು. ಡಾಕ್ಟರು ಕೊಯ್ದು ಕಬ್ಬಿಣದ ರಾಡು ಕೂಡಿಸಿ ಮನೆಗೆ ಕಳಿಸಿದರು. ಎದ್ದು ನಡೆಯುವ ಮಾತು ದೂರ ಉಳಿಯಿತು, ಮಗ್ಗುಲು ಹೊರಳಬೇಕಾದರೂ ಇನ್ನೊಬ್ಬರು ಬೇಕು. ಮುರಿದ ಕಾಲಿಗೆ ನಾನು ಹೆದರಲಿಲ್ಲ. ಹೆದರಿದ್ದು ಬೆನ್ನಿಗೆ. ಕೊಳಗಲ್ಲಿನ ನಮ್ಮಣ್ಣ ಹೀಗೆಯೇ ಮಲಗಿದ್ದ. ಅವನ ಟೊಂಕದ ಕೆಳಗೆ ಒಂದು ಮುಷ್ಟಿ ಹಿಡಿಸುವಷ್ಟು ತೂತು ಬಿದ್ದದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಕಾಲು ಕೂಡಿತ್ತು. ಮನುಷ್ಯ ಉಳಿಯಲಿಲ್ಲ.

ಸೊಸೆಗೆ ಒಂದೇ ಮಾತು ಹೇಳಿದೆ: "ನಾ ಸತ್ರ ಸಾಯ್ತೀನಿ. ನನ್ನ ಕೊಳಿಸಬ್ಯಾಡ."

"ಸಾಯೋದು ನಿಮ್ಮಿಷ್ಟರಿ ಅತ್ತಿ. ಕೊಳಿಯಾಕ ನಾ ಬಿಡಂಗಿಲ್ಲ," ಅಂದಳು. ಇದು ಸೊಸೆ ಆಡುವ ಮಾತೇ?

ಅಂದಿನಿಂದ ನನಗೆ ಮೂರೇ ಊರು: ಬಾಗಿಲು, ಗೋಡೆ, ಫ್ಯಾನು. ಎಡಕ್ಕೆ ಹೊರಳಿಸಿದರೆ ಬಾಗಿಲು ಕಾಣುತ್ತದೆ, ಬಲಕ್ಕೆ ಹೊರಳಿಸಿದರೆ ಗೋಡೆ, ಅಂಗಾತ ಮಲಗಿಸಿದರೆ ಫ್ಯಾನು. ಯಾವ ಹೊತ್ತಿಗೆ ಯಾವ ಊರು ಅಂತ ಚಿತ್ರ ಬರೆದು ಗೋಡೆಗೆ ಅಂಟಿಸಿದಳು. ಅವಳು ಡ್ಯೂಟಿಗೆ ಹೋದರೆ ನನ್ನ ಮಗ ಹೊರಳಿಸಬೇಕು. ಕುರುಗೋಡಿನಿಂದ ಫೋನು ಮಾಡುತ್ತಿದ್ದಳು: "ಅತ್ತಿ ಈಗ ಎಲ್ಲಿ ಅದಾರ್ರಿ?" ಇವನು, "ಗ್ವಾಡಿಗೆ ಹೋಗ್ಯಾರ. ಇನ್ನೊಂದು ತಾಸಿಗೆ ಬಾಗಲಕ್ಕ ಬರ್ತಾರ," ಅನ್ನುತ್ತಿದ್ದ. ಬಳ್ಳಾರಿ ಕಂಟೋನ್ಮೆಂಟಿನಲ್ಲಿರುವ ನಮ್ಮ ಪಕ್ಕದ ಮನೆಯವಳು ಇದನ್ನು ಕೇಳಿಸಿಕೊಂಡು, "ಅಜ್ಜಿ ಆಗ್ಲೇ ತಿರುಗಾಡಾಕ ಹತ್ಯಾರಲ್ಲ!" ಅಂತ ಓಣಿಗೆಲ್ಲ ಸಾರಿಬಿಟ್ಟಳು.

ಅವಳ ಪಾಠದ ವರಸೆ ಎಂಥದು ಅನ್ನುವುದನ್ನು ಸಿರುಗುಪ್ಪದ ಒಬ್ಬ ಆಯಾ ನನಗೆ ಹೇಳಿದಳು. ಮೊದಲ ದಿನ ಎಲ್ಲರನ್ನೂ ಮರದ ಬೆಂಚಿನ ಮೇಲೆ ಕೂರಿಸಿ, "ನಾ ಹೇಳೋತನಕ ಯಾರೂ ಕುಂಡಿ ಅಲ್ಲಾಡಿಸಬಾರ್ದು," ಅಂದಳಂತೆ. ನರ್ಸುಗಳು, ಆಯಾಗಳು, ಒಬ್ಬ ದಪ್ಪನೆಯ ಡಾಕ್ಟರು, ಎಲ್ಲರೂ ಶಿಸ್ತಾಗಿ ಕೂತರು. ಸ್ವಲ್ಪ ಹೊತ್ತಿಗೆ ಒಬ್ಬಳು ಮೆಲ್ಲಗೆ ಕೊಸರಿದಳು. ಇನ್ನೊಬ್ಬಳು ಸೆರಗು ಸರಿಮಾಡುವ ನೆಪದಲ್ಲಿ ಸರಿದಳು. ಡಾಕ್ಟರು ಫೋನೇ ಬರದಿದ್ದರೂ "ಹಲೋ" ಅನ್ನುತ್ತ ಎದ್ದು ಹೊರಗೆ ನಡೆದರು! ಆಗ ಇವಳು ಅಂದಳಂತೆ: "ನಿಮಗ ನೋವು ತಿಳೀತು, ಸರದ್ರಿ. ಮಂಚದ ಮ್ಯಾಲಿದ್ದಾಂವಗ ತಿಳೀದು. ತಿಳದ್ರೂ ಸರಿಯಾಕ ಬರಂಗಿಲ್ಲ. ಅವನ ಬದ್ಲಿ ಸರಿಯಾಂವರು ನೀವ." ಆ ಆಯಾ ಈಗ ಸಿನಿಮಾಕ್ಕೆ ಹೋದರೂ ನಡುನಡುವೆ ಗಂಡನನ್ನು ತಿವಿದು, "ಸರದು ಕುಂದ್ರು," ಅನ್ನುತ್ತಾಳಂತೆ.

ಕುರುಗೋಡಿನ ಕಡೆಯ ಒಂದು ಸಣ್ಣ ಖಾಸಗಿ ದವಾಖಾನೆಯಲ್ಲಿ ಆದದ್ದು ಇದಕ್ಕಿಂತ ಚೆನ್ನಾಗಿದೆ. ಹೆಸರು ಬೇಡ, ಪಾಪ. ಅಲ್ಲಿನ ಹುಡುಗಿಯರು ಇವಳ ಪಾಠ ಕಲಿತು ಹುರುಪಿಗೆ ಬಿದ್ದಿದ್ದರು. ಹೊತ್ತಾಯಿತೋ, ಇಬ್ಬರು ಬಂದು ಮಂಚದ ಮೇಲಿನವನನ್ನು ಚಾದರ ಸಮೇತ ಎತ್ತಿ ಹೊರಳಿಸಿಬಿಡುವುದು. ಎಳೆಯುವ ಹಾಗಿಲ್ಲ, ಎಳೆದರೆ ತೊಗಲು ಕಿತ್ತು ಬರುತ್ತದೆ. ಒಂದು ಮಂಚದ ರೋಗಿಯನ್ನು ಎಕ್ಸ್‌ರೇ ತೆಗೆಸಲು ಕರೆದುಕೊಂಡು ಹೋಗಿದ್ದರು. ಕಾಯಲು ಬಂದಿದ್ದ ಅವನ ಬಾಮೈದ, ಆಂಧ್ರದ ಗಡಿಯವನು, ಖಾಲಿ ಮಂಚ ಕಂಡು ಕಂಬಳಿ ಹೊದ್ದು ಮಲಗಿದ. ಹುಡುಗಿಯರು ಬಂದರು, ಹೊರಳಿಸಿದರು, ಬೆನ್ನಿಗೆ ದಿಂಬು ಕೊಟ್ಟರು, ಹಿಮ್ಮಡಿ ಮುಟ್ಟಿ ನೋಡಿದರು. ಅವನು ಕಣ್ಣು ಬಿಡಲಿಲ್ಲ. ಮತ್ತೆ ಬಂದರು, ಮತ್ತೆ ಹೊರಳಿಸಿದರು. ಕೊನೆಗೆ ನಿಜವಾದ ರೋಗಿ ಗಾಲಿ ಕುರ್ಚಿಯಲ್ಲಿ ವಾಪಸು ಬಂದ.

"ಏಯ್, ಏಳಲೇ! ಅದು ನನ್ನ ಮಂಚ!"

"ಬಾವಾ, ನೀ ಅಡ್ಮಿಟ್ ಆಗೀದಿ, ನಿನಗ ಇನ್ನಾ ದಿನಾ ಸಿಗ್ತೈತಿ," ಅಂದನಂತೆ ಅವನು. "ನನ್ನ ಇನ್ನೊಂದು ಮಗ್ಗಲಾ ಬಾಕಿ ಐತಿ, ಸುಮ್ನಿರು!"

ಇದನ್ನು ಕೇಳಿ ನಾನು ರಾಡು ಹಾಕಿದ ಕಾಲು ನೋಯುವಷ್ಟು ನಕ್ಕೆ. ಸೊಸೆ ನಗಲಿಲ್ಲ. "ದಿಂಬು ಸರಿಯಾಗಿ ಇಟ್ಟಿದ್ರಂತ," ಅಂದಳು, ಹೆಮ್ಮೆಯಿಂದ.

ಒಂದು ದಿನ ನನ್ನ ಹತ್ತಿರ ಬಂದು ನಿಂತಳು. ಬೆನ್ನ ಹತ್ತಿರವಲ್ಲ, ತಲೆಯ ಹತ್ತಿರ. ಆಗಲೇ ನನಗೆ ಸಂಶಯ ಬಂತು.

"ಅತ್ತಿ, ನಾಕು ಮಂದಿ ಕಲಿಯಾಕ ಬರ್ತಾರ. ನಿಮ್ಮನ್ನ ಹೊರಳಸಿ ತೋರಸ್ಲೇನ್ರಿ?"

"ದವಾಖಾನ್ಯಾಗ ರಬ್ಬರಿನ ಗೊಂಬಿ ಐತಂದಿದ್ದಿ?"

"ಗೊಂಬಿ ಬಯ್ಯಂಗಿಲ್ಲರಿ ಅತ್ತಿ."

ಇದು ಮಾತ್ರ ಖರೆ. ನಾನು ಬಯ್ಯುವುದರಲ್ಲಿ ಯಾರಿಗೂ ಕಡಿಮೆಯಿಲ್ಲ. ಹಿಂಡು ಹಿಂಡಾಗಿ ಹುಡುಗಿಯರು ಬಂದರು. ಒಬ್ಬಳ ಉಗುರು ತಾಗಿತು, "ನಿಮ್ಮವ್ವ ಉಗುರು ಕತ್ತರಿಸೋದು ಕಲಿಸಿಲ್ಲೇನ?" ಅಂದೆ. ಒಬ್ಬಳು ಹೇಳದೆ ಕೇಳದೆ ಹೊರಳಿಸಿದಳು, "ನಾ ಏನು ಜ್ವಾಳದ ಚೀಲಾ ಏನಲೇ? ಹೇಳಿ ಹೊರಳಸು!" ಅಂದೆ. ಸೊಸೆ ಪಕ್ಕದಲ್ಲಿ ನಿಂತು, "ಕೇಳಿದ್ರಲ್ಲ? ಅದ ಇವತ್ತಿನ ಪಾಠ," ಅನ್ನುವಳು. ನಾನು ಬೈದದ್ದೆಲ್ಲ ಪಾಠವಾಗುವುದಾದರೆ ನನ್ನ ಗಂಡ ದೊಡ್ಡ ಪಂಡಿತನಾಗಿ ಸಾಯಬೇಕಿತ್ತು!

ಹೀಗಿರುವಾಗ ಸೊಸೆ ಎರಡು ದಿನ ಸಿರುಗುಪ್ಪದಲ್ಲೇ ಉಳಿಯಬೇಕಾಗಿ ಬಂತು. ಮಗನಿಗೂ ಕೆಲಸ. ನನ್ನನ್ನು ನೋಡಿಕೊಳ್ಳಲು ಸಿರಿಗೇರಿಯಿಂದ ನನ್ನ ತಂಗಿ ಬಂದಳು. ಬಂದವಳೇ ಗೋಡೆಯ ಚಿತ್ರ ನೋಡಿ ಕೈ ಬೀಸಿದಳು. "ಮುರದ ಕಾಲು ಇಟ್ಕೊಂಡು ಹೊಳ್ಳಿ ಹೊಳ್ಳಿ ಹೊರಳೋದು ಅಂದ್ರೇನಕ್ಕ? ಆರಾಮ ಬೀಳು." ಪಂಕ್ಚರ್ ಅಂಗಡಿಯಿಂದ ಸ್ಕೂಟರಿನ ಹಳೆಯ ಟ್ಯೂಬು ತರಿಸಿ, ಗಾಳಿ ತುಂಬಿಸಿ, ಸೀರೆ ಸುತ್ತಿ ನನ್ನ ಕೆಳಗೆ ಇಟ್ಟಳು. ತಲೆ ಎತ್ತರಿಸಿ ಕೂರಿಸಿದಳು. ಬೆಚ್ಚಗೆ ಎಣ್ಣೆ ಹಚ್ಚಿ ಬೆನ್ನಿನ ಕೆಳಗೆ ಗಸಗಸ ತಿಕ್ಕಿದಳು. ಊರಿನವರ ಸುದ್ದಿಯನ್ನೆಲ್ಲ ಇಬ್ಬರೂ ಸೇರಿ ಜಾಲಾಡಿದೆವು. ನಾನು ಕಣ್ಣು ಮುಚ್ಚಿದರೆ, "ಮಲಗ್ಯಾಳ, ಯಾಕ ಎಬ್ಬಿಸಬೇಕು," ಅಂತ ಸುಮ್ಮನಾಗುತ್ತಿದ್ದಳು. ಖರೆ ಹೇಳಬೇಕೆಂದರೆ, ಕಾಲು ಮುರಿದ ಮೇಲೆ ಅಷ್ಟು ಸುಖ ನಾನು ಪಟ್ಟಿರಲಿಲ್ಲ.

ಸೊಸೆ ಬಂದಳು. ಟ್ಯೂಬು ಕಂಡಳು. ಅದನ್ನು ಎಳೆದು ಅಂಗಳಕ್ಕೆ ಎಸೆದ ಹೊಡೆತಕ್ಕೆ ಅದು ಪುಟಿಯುತ್ತ ಗೇಟಿನ ತನಕ ಹೋಯಿತು.

"ಚಿಗವ್ವ, ಇದು ಸುತ್ತ ಬಿಗಿ ಹಿಡದು ನಡುವಿನ ಜಾಗಕ್ಕ ರಕ್ತಾನ ಹೋಗಗೊಡಂಗಿಲ್ಲ!"

"ನಮ್ಮೂರಾಗ ಎಲ್ಲಾರೂ ಇದನ್ನ ಇಡ್ತಾರವಾ," ಅಂದಳು ತಂಗಿ. "ಚಕಡಿಗಾಡಿಗೆ ಟೈರು ಹಾಕಿದಂಗ ಮೆತ್ತಗಿರ್ತೈತಿ."

ಸೊಸೆ ನನ್ನನ್ನು ಹೊರಳಿಸಿ ಕೈಯ ಹಿಂಬದಿಯನ್ನು ಬೆನ್ನಿನ ಮೇಲೆ ಇಳಿಸುತ್ತ ಬಂದಳು. ಟೊಂಕದ ಕೆಳಗೆ ಬಂದಾಗ ಕೈ ನಿಂತಿತು. ಪಕ್ಕದ ಜಾಗ ಮುಟ್ಟಿದಳು, ಮತ್ತೆ ಇಲ್ಲಿಗೆ ಬಂದಳು. ಆಮೇಲೆ ಮಂಚವನ್ನು ಸುತ್ತಿ ಈಚೆ ಬಂದು ನನ್ನ ಮುಖ ನೋಡಿದಳು. ಅಷ್ಟು ದಿನದಲ್ಲಿ ಅದೇ ಮೊದಲು. ನನಗೆ ಅಣ್ಣನ ನೆನಪಾಯಿತು.

"ತೂತು ಬಿದ್ದೈತೇನ?"

"ಇಲ್ಲರಿ. ಕಾವು ಐತಿ. ಗಟ್ಟಿ ಆಗೈತಿ. ಹುಣ್ಣಾಗೋದರ ಮೊದಲ ಗುರ್ತು."

ಮರುದಿನ, ಮೊದಲೇ ಗೊತ್ತಾಗಿದ್ದಂತೆ, ಕಲಿಯುವ ಹುಡುಗಿಯರು ಬಂದರು. ಒಬ್ಬಳು ಬ್ಯಾಟರಿ ಬಿಟ್ಟು ನೋಡಿದಳು. "ಮೇಡಂ, ಏನೂ ಕಾಣವಲ್ದು. ಕೆಂಪಗಿಲ್ಲ."

"ನಮ್ಮತ್ತಿ ಏನು ಇಂಗ್ಲಿಷರ ದೊರೆಸಾನಿ ಏನು, ಕೆಂಪಗಾಗಾಕ? ನಮ್ಮ ಬಣ್ಣದಾಗ ಕೆಂಪು ಕಾಣಂಗಿಲ್ಲ. ಕಣ್ಣಿನ ಮಾತು ಬಿಡು, ಕೈ ಹಚ್ಚು."

"ನೀ ಬಾಳ ದೊರೆಸಾನಿ!" ಅಂದೆ ನಾನು. ಆ ಹುಡುಗಿ ಕೈ ಹಚ್ಚಿ, "ಅಯ್ಯ, ಬೆಚ್ಚಗೈತ್ರಿ!" ಅಂದಳು. ಎಲ್ಲರೂ ಸರದಿಯಲ್ಲಿ ಮುಟ್ಟಿ ನೋಡಿದರು. ಆವತ್ತು ನಾನು ಆ ಹುಡುಗಿಯರಲ್ಲಿ ಒಬ್ಬರನ್ನೂ ಬಯ್ಯಲಿಲ್ಲ.

ಫ್ಯಾನು ರದ್ದಾಯಿತು. ಬಾಗಿಲು, ಗೋಡೆ, ಬಾಗಿಲು, ಗೋಡೆ, ಅಷ್ಟೇ. ಆ ಜಾಗ ಹಾಸಿಗೆಗೆ ತಾಗುವಂತಿಲ್ಲ, ತಿಕ್ಕುವಂತಿಲ್ಲ. ಸೊಸೆ ರಜೆ ಹಾಕಿ ಮನೆಯಲ್ಲೇ ಕೂತಳು. ಅನ್ನ ಬೇಯಿತೋ ಅಂತ ಅಗುಳು ಹಿಚುಕಿ ನೋಡುವ ಹಾಗೆ ಬಂದು ಬಂದು ಮುಟ್ಟಿ ಹೋಗುತ್ತಿದ್ದಳು. ಮೊಟ್ಟೆ ತಿನ್ನಿಸಿದಳು, ಬೇಳೆ ಕುಡಿಸಿದಳು. ನನ್ನ ತಂಗಿ ಅಡುಗೆಮನೆಯಲ್ಲಿ ಕೂತು ಮೂಗು ಒರೆಸಿಕೊಂಡಳು. ಕೆಲವು ದಿನ ಹೀಗೆ ಹೋಯಿತು. ಒಂದು ಬೆಳಿಗ್ಗೆ ಕೈ ಇಟ್ಟವಳು ಇಟ್ಟ ಹಾಗೆಯೇ ನಿಂತಳು. "ತಣ್ಣಗಾಗೈತಿ," ಅಂದಳು. ನನಗೆ ಹೇಳಿದ್ದಲ್ಲ, ಬೆನ್ನಿಗೆ ಹೇಳಿದ್ದು.

ಬೆನ್ನು ಉಳಿಯಿತು. ಕಾಲಿಗೂ ಬಲ ಬಂತು. ಹೋದ ವಾರ ಅವಳು ಕುರುಗೋಡಿಗೆ ಹೋದಾಗ, ಮಂಚದ ಪಟ್ಟಿ ಹಿಡಿದು ನಾನೇ ಹೊರಳಿದೆ. ಯಾರ ಕೈಯೂ ಇಲ್ಲದೆ! ಕೂಗಿ ಓಣಿಗೆಲ್ಲ ಹೇಳಬೇಕಿತ್ತು. ಹೇಳಲಿಲ್ಲ. ಗಂಡ ಇದ್ದಾಗ ನನ್ನ ಬೆನ್ನು ಮುಟ್ಟಿದ್ದು ನೆನಪಿಲ್ಲ. ಮಕ್ಕಳು ಬೆಳೆದ ಮೇಲೆ ಕಾಲು ಮುಟ್ಟುತ್ತಾರೆ, ಅಷ್ಟೇ. ಈ ಹುಚ್ಚಿ ಒಬ್ಬಳೇ ದಿನಕ್ಕೆ ಇಷ್ಟು ಸಲ ಕೈ ಇಟ್ಟು, ಇದ್ದೇನೆಯೋ ಇಲ್ಲವೋ ಅಂತ ನೋಡಿದವಳು.

ಅಂದು ಸಂಜೆ ಬಂದಳು. ಹೆಗಲಿನ ಚೀಲ ಇಳಿಸದೆಯೇ ನನ್ನ ಮಂಚದ ಹತ್ತಿರ ನಿಂತಳು. ಬೆನ್ನಿಗೆ ಕೊಟ್ಟಿದ್ದ ದಿಂಬು ನೆಲದ ಮೇಲೆ ಬಿದ್ದಿತ್ತು. ಅದನ್ನು ನೋಡಿದಳು. ನನ್ನನ್ನು ನೋಡಿದಳು.

"ದಿಂಬು ಹೆಂಗ ಬಿತ್ತರಿ ಅತ್ತಿ?"

"ಬೆಕ್ಕು ಕೆಡವಿತು."

"ನಮ್ಮನ್ಯಾಗ ಬೆಕ್ಕು ಎಲ್ಲಿ ಐತ್ರಿ?"

"ಮಗ್ಗಲ ಮನೀದು."

ಮಗ್ಗುಲ ಮನೆಯಲ್ಲಿ ಇರುವುದು ನಾಯಿ. ಅವಳಿಗೆ ಅದು ಗೊತ್ತು. ದಿಂಬಿನ ಧೂಳು ಕೊಡವಿದಳು. ಚೀಲ ಕೆಳಗಿಟ್ಟಳು. ಕೈ ತೊಳೆದುಕೊಂಡು ಬಂದು, ಅಂಗೈ ಉಜ್ಜಿ ಬೆಚ್ಚಗೆ ಮಾಡಿಕೊಂಡು ನನ್ನ ಬೆನ್ನಿಗೆ ಇಟ್ಟಳು.

"ಭಾರ ಎಲ್ಲಾ ನನ್ನ ಮ್ಯಾಲೆ ಬಿಡ್ರಿ," ಅಂದಳು.

ಬಿಟ್ಟೆ.